ದೊಡ್ಡವರು ಯಾರಾದ್ರೂ ಇದ್ದಾರಾ?

ನಮ್ಮ ಮನೆಯ ಬಾಗಿಲು ತಟ್ಟುವವರೆಲ್ಲರೂ ಕೇಳುವ ಪ್ರಶ್ನೆ ಒಂದೇ: "ಮನೇಲಿ ದೊಡ್ಡವರು ಯಾರಾದ್ರೂ ಇದ್ದಾರಾ?" ಕರೆಂಟ್ ಮೀಟರ್ ನೋಡುವವರು ಕೇಳುತ್ತಾರೆ, ಯಾವುದೋ ಸಮೀಕ್ಷೆ ಎಂದು ಹೆಗಲಿಗೆ ಚೀಲ ನೇತುಹಾಕಿಕೊಂಡು ಬರುವ ಮೇಡಂ ಕೇಳುತ್ತಾರೆ, ಸಿಲಿಂಡರ್ ತರುವ ಪುಟ್ಟಸ್ವಾಮಿಯಂತೂ ತಪ್ಪದೆ ಕೇಳುತ್ತಾನೆ. ಬಾಗಿಲು ತೆಗೆದದ್ದು ಮಕ್ಕಳಾದರೆ ಹಾಗೆ ಕೇಳುವುದು ಸರಿಯೇ. ಆದರೆ ಭದ್ರಾವತಿಯ ಓಲ್ಡ್ ಟೌನಿನ ನಮ್ಮ ಮನೆಯಲ್ಲಿ ಬಾಗಿಲು ತೆಗೆಯುವವಳು ನಾನು, ನನಗೆ ಅರವತ್ತೆಂಟು. ಮೊದಲು ಮೊಣಕಾಲು ಹಿಡಿದುಕೊಂಡು, ಆಮೇಲೆ ಗೋಡೆ ಹಿಡಿದುಕೊಂಡು, ಕೊನೆಗೆ ಚಿಲಕ ಹಿಡಿದುಕೊಂಡು ನಾನು ಬಾಗಿಲು ತೆಗೆದರೆ, ಎದುರಿಗೆ ನಿಂತ ಪುಟ್ಟಸ್ವಾಮಿ ನನ್ನ ಬಿಳಿಗೂದಲಿನ ಮೇಲಿಂದ ಕತ್ತು ಚಾಚಿ ಒಳಗೆ ಇಣುಕಿ, "ದೊಡ್ಡವರು ಯಾರೂ ಇಲ್ವಾ ಅಜ್ಜಿ?" ಎನ್ನುತ್ತಾನೆ. ಹೆಸರಿನಲ್ಲೇ ಪುಟ್ಟ ಇಟ್ಟುಕೊಂಡವನ ಕಣ್ಣಿಗೂ ನಾನು ದೊಡ್ಡವಳಾಗಿ ಕಾಣದಿದ್ದರೆ, ಇನ್ನೆಷ್ಟು ದೊಡ್ಡವಳಾಗಬೇಕು ನಾನು, ನೀವೇ ಹೇಳಿ.

ತಪ್ಪು ಅವನದ್ದೂ ಅಲ್ಲ ಬಿಡಿ. ಈಗ ಸಿಲಿಂಡರ್ ಇಳಿಸಬೇಕಾದರೆ ಓಟಿಪಿ ಹೇಳಬೇಕು. ಓಟಿಪಿ ಬರುವುದು ನನ್ನ ಮಗ ಕುಮಾರನ ಫೋನಿಗೆ, ಕುಮಾರ ಇರುವುದು ಅವನ ಹಾರ್ಡ್‌ವೇರ್ ಅಂಗಡಿಯಲ್ಲಿ. ಹೀಗಾಗಿ ದೊಡ್ಡವರು ಎಂದರೆ ವಯಸ್ಸು ಉಳ್ಳವರಲ್ಲ, ಓಟಿಪಿ ಉಳ್ಳವರು.

ನಾನು ಓದಿದ್ದು ನಾಲ್ಕನೇ ಕ್ಲಾಸು. ಆದರೆ ಅಕ್ಷರ ಇರುವುದು ಏನು ಸಿಕ್ಕಿದರೂ, ಬಟಾಣಿ ಕಟ್ಟಿಕೊಟ್ಟ ಪೇಪರಿನ ತುಂಡಾದರೂ ಸರಿ, ಓದದೆ ಎಸೆದವಳಲ್ಲ. ಹಾಗೆ ಓದುತ್ತಾ ಯೋಚಿಸುತ್ತಾ ಈ ದೊಡ್ಡತನದ ಮರ್ಮವೇನೆಂದು ನನ್ನ ಮಟ್ಟಿಗೆ ಕಂಡುಕೊಂಡಿದ್ದೇನೆ. ನಮ್ಮ ಕಾಲದಲ್ಲಿ ಹುಡುಗಿ ದೊಡ್ಡವಳಾದಳು ಎಂದರೆ ಒಂದೇ ಅರ್ಥ. ಬೆಳಿಗ್ಗೆ ಕುಂಟೆಬಿಲ್ಲೆ ಆಡುತ್ತಿದ್ದ ನಾನು ಸಂಜೆಯ ಹೊತ್ತಿಗೆ ದೊಡ್ಡವಳಾಗಿ ಮೂಲೆಯಲ್ಲಿ ಕೂತಿದ್ದೆ. ಊರಿನ ಹೆಂಗಸರೆಲ್ಲ ಬಂದು ಆರತಿ ಎತ್ತಿ, ಎಳ್ಳು ಬೆಲ್ಲ ಕುಟ್ಟಿದ ಚಿಗಳಿ ಉಂಡೆ ತಿನ್ನಿಸಿ, ಮೈನೆರೆದಳು ಮೈನೆರೆದಳು ಎಂದು ಹಾಡಿ ಹೋದರು. ಹದಿನೇಳಕ್ಕೆ ಮದುವೆ, ಆಗಿನ ಕಾನೂನಿಗೂ ಅದರಲ್ಲಿ ತಕರಾರಿರಲಿಲ್ಲ. ಮುಂದೆ ಚುನಾವಣೆ ಬಂದಾಗ, ಕುಮಾರನನ್ನು ಸೊಂಟದ ಮೇಲೆ ಕೂರಿಸಿಕೊಂಡು, ಒಳ್ಳೆಯ ಸೀರೆ ಉಟ್ಟು, ನಮ್ಮ ಯಜಮಾನರ ಹಿಂದೆ ಸಾಲಿನಲ್ಲಿ ನಿಂತೆ. ಮೇಜಿನ ಹಿಂದೆ ಕೂತಿದ್ದವರು ನನ್ನನ್ನು ನೋಡಿ, ಮಗುವನ್ನು ನೋಡಿ, "ಇಪ್ಪತ್ತೊಂದು ಆಗಿದೆಯೇನಮ್ಮ?" ಎಂದರು. ಆಗಿರಲಿಲ್ಲ. "ಹಂಗಾದ್ರೆ ಓಟಿಲ್ಲ. ನೀವಿನ್ನೂ ಮೈನರ್ ಲೆಕ್ಕ." ಮೈನೆರೆದವಳು, ಮದುವೆಯಾದವಳು, ಮಗುವನ್ನು ಹೆತ್ತವಳು ಮೈನರ್ ಹೇಗಾದೇನು ಎಂದು ನನಗೆ ಅರ್ಥವಾಗಲಿಲ್ಲ. ಮೈನೆರೆಯುವುದಕ್ಕೂ ಮೈನರ್ ಕಳೆಯುವುದಕ್ಕೂ ನಡುವೆ ಇಷ್ಟೊಂದು ವರ್ಷವಿದೆ ಎಂದು ನನಗೆ ಹೇಳಿದವರಾದರೂ ಯಾರು? ನಮ್ಮ ಯಜಮಾನರು ಕಬ್ಬಿಣದ ಕಾರ್ಖಾನೆಯಲ್ಲಿ ಕುಲುಮೆಯ ಮುಂದೆ ದುಡಿಯುತ್ತಿದ್ದವರು, ನಗುತ್ತಿದ್ದುದೇ ಅಪರೂಪ. ಅವತ್ತು ಮಾತ್ರ ಮನೆ ಮುಟ್ಟುವವರೆಗೂ, "ಮೈನರ್ ಅಮ್ಮೋರೆ, ಹುಷಾರು, ರಸ್ತೆ ದಾಟುವಾಗ ಕೈ ಹಿಡ್ಕೊಳ್ಳಿ" ಎಂದು ನಕ್ಕೇ ನಕ್ಕರು. ಆಗ ನನಗೆ ಓಟಿರಲಿಲ್ಲ, ಈಗ ಓಟಿಪಿ ಇಲ್ಲ. ನಡುವೆ ನಾನು ದೊಡ್ಡವಳಾಗಿದ್ದ ಕಾಲ ಯಾವುದೆಂದು ಹುಡುಕುತ್ತಲೇ ಇದ್ದೇನೆ.

ಇಷ್ಟೆಲ್ಲ ಏಕೆ ಹೇಳುತ್ತಿದ್ದೇನೆಂದರೆ, ಸಂತೋಷ ಹೊಟ್ಟೆಯೊಳಗೆ ಇಟ್ಟುಕೊಳ್ಳಲಾರದೆ. ನನ್ನ ಮೊಮ್ಮಗಳು ಸಿಂಚನ ದೊಡ್ಡವಳಾಗಿದ್ದಾಳೆ, ಎರಡನೇ ಸಲ.

ಇದರ ಮೂಲ ಒಂದು ಒಗ್ಗರಣೆಯಲ್ಲಿದೆ. ಕೆಲವು ತಿಂಗಳ ಹಿಂದೆ ನಾನು ಸಾರಿಗೆ ಸಾಸಿವೆ ಸಿಡಿಸಲು ಹೋಗಿ ರಾಗಿ ಹಾಕಿದ್ದೆ. ಮಗ ಉಂಡ, ಸೊಸೆ ವಾಣಿ ಉಂಡಳು, ನಾನೂ ಉಂಡೆ. ಏನೋ ಕರಕರ ಎನ್ನುತ್ತದೆ ಎಂದುಕೊಂಡು ಎಲ್ಲರೂ ಸುಮ್ಮನಾದೆವು. ಸಿಂಚನ ಒಬ್ಬಳೇ ತಟ್ಟೆಯಿಂದ ಒಂದು ಕಾಳು ಎತ್ತಿ ನೋಡಿ, ಆಮೇಲೆ ನನ್ನ ಕಣ್ಣನ್ನು ನೋಡಿದಳು. ಮಾರನೆಯ ವಾರ ಅವಳೇ ಶಿವಮೊಗ್ಗದ ಕಣ್ಣಿನ ಆಸ್ಪತ್ರೆಯೊಂದರಲ್ಲಿ ಸಮಯ ಗೊತ್ತುಮಾಡಿಕೊಂಡು ನನ್ನನ್ನು ಬಸ್ಸು ಹತ್ತಿಸಿದಳು. ಹೇಗೂ ಅವಳು ಕಾಲೇಜಿಗೆಂದು ದಿನಾ ಓಡಾಡುವ ದಾರಿ. ಡಾಕ್ಟರು ನೋಡಿ, ಪೊರೆ ಬಂದಿದೆ, ಗಾಬರಿಯಿಲ್ಲ, ಆದರೆ ತೆಗೆಸಲೇಬೇಕು ಎಂದರು. ಹೊರಗೆ ಕೌಂಟರಿನಲ್ಲಿ ಸಿಸ್ಟರ್ ಕೇಳಿದ ಮೊದಲ ಪ್ರಶ್ನೆ ನೀವು ಊಹಿಸಿದ್ದೇ:

"ಜೊತೆಗೆ ದೊಡ್ಡವರು ಯಾರು ಬಂದಿದ್ದಾರೆ?"

"ನಾನಿದ್ದೀನಲ್ಲಮ್ಮ."

"ನೀವು ಪೇಷಂಟು ಅಜ್ಜಿ. ಆಪರೇಷನ್ ದಿನ ಜೊತೆಗಿದ್ದು ಸೈನ್ ಮಾಡೋಕೆ ಇನ್ನೊಬ್ರು ಬೇಕು."

"ಮೊಮ್ಮಗಳಿದ್ದಾಳೆ. ಹದಿನೆಂಟು ಅವಳಿಗೆ."

ಸಿಸ್ಟರ್ ಅವಳ ಆಧಾರ್ ಕಾರ್ಡನ್ನು ತಿರುಗಿಸಿ ನೋಡಿದರು. "ಹದಿನೇಳಲ್ವಾ?"

"ಹದಿನೆಂಟು ನಡೀತಿದೆ ಕಣಮ್ಮ."

"ನಡೀತಿದ್ರೆ ಆಗಲ್ಲ ಅಜ್ಜಿ, ತುಂಬಬೇಕು."

ನಮ್ಮ ಲೆಕ್ಕವೇ ಬೇರೆ ನೋಡಿ. ಮಗುವಿಗೆ ಒಂದು ತುಂಬಿದ ಕೂಡಲೇ ಎರಡಕ್ಕೆ ಬಿತ್ತು ಎನ್ನುತ್ತೇವೆ. ಹಾಗೆ ಒಂದಾದ ಮೇಲೊಂದು ವರ್ಷಕ್ಕೆ ಬೀಳುತ್ತಾ ಬೀಳುತ್ತಾ, ಕೊನೆಗೊಂದು ದಿನ ಬಚ್ಚಲಲ್ಲಿ ನಿಜವಾಗಿಯೇ ಬೀಳುವವರೆಗೂ ನಮ್ಮ ಆಯಸ್ಸೆಲ್ಲ ಬೀಳುವ ಲೆಕ್ಕವೇ. ಕಾನೂನು ಮಾತ್ರ ಹಾಲು ಅಳೆಯುವವಳ ಹಾಗೆ, ಪಾವು ತುಂಬುವ ತನಕ ಮಿಸುಕುವುದಿಲ್ಲ.

ವಾಪಸು ಬರುವ ಬಸ್ಸಿನಲ್ಲಿ ಸಿಂಚನ ಕಿಟಕಿಯ ಕಡೆ ಮುಖ ಮಾಡಿ ಕೂತಳು. ವಿದ್ಯಾನಗರ ದಾಟಿದ ಮೇಲೆ ಒಮ್ಮೆಲೇ ಶುರುಮಾಡಿದಳು. "ಅಜ್ಜಿ, ಅಡುಗೆಮನೆ ಕೆಲಸ ಅಂದ್ರೆ ನಾನು ದೊಡ್ಡೋಳು. ಅಪ್ಪನ ಅಂಗಡೀಲಿ ಕೂರೋಕೆ ದೊಡ್ಡೋಳು. ಶಂಕರಘಟ್ಟದಲ್ಲಿ ಯೂನಿವರ್ಸಿಟಿ ನೋಡ್ಕೊಂಡು ಬರ್ತೀನಿ ಅಂದ್ರೆ ಮಾತ್ರ ಚಿಕ್ಕೋಳು, ಸುಮ್ನಿರು ಅಂತಾರೆ. ನಿನ್ನ ಕಣ್ಣು ಮಂಜಾಗಿರೋದನ್ನ ಕಂಡಿದ್ದು ನಾನು. ಕರ್ಕೊಂಡು ಬಂದಿದ್ದು ನಾನು. ಸೈನ್ ಹಾಕೋಕೆ ಆಗಲ್ಲ. ನಾನು ದೊಡ್ಡೋಳಾಗೋದು ಯಾವಾಗ?"

ಕೋಪದಲ್ಲಿ ಕೇಳಿದ್ದರೆ ಗದರಿಸಿ ಸುಮ್ಮನಿರಿಸಬಹುದಿತ್ತು. ಅವಳ ದನಿ ಒಡೆದಿತ್ತು. ಓಟಿನ ಸಾಲಿನಿಂದ ಮಗುವನ್ನು ಎತ್ತಿಕೊಂಡು ಹಿಂದಿರುಗಿದ ಒಬ್ಬಳು ನನ್ನೊಳಗೆ ಇನ್ನೂ ಒಳ್ಳೆಯ ಸೀರೆ ಉಟ್ಟುಕೊಂಡೇ ನಿಂತಿದ್ದಾಳೆ ಎಂದು ನನಗೆ ತಿಳಿದದ್ದು ಆಗ. ಬಸ್ಸು ಇಳಿಯುವ ಹೊತ್ತಿಗೆ ನಿರ್ಧಾರ ಮಾಡಿಬಿಟ್ಟಿದ್ದೆ.

ಆ ಸಂಜೆ ಕುಮಾರ, "ನಾಳೆ ನಾನೇ ಬರ್ತೀನಿ, ಸೈನ್ ಹಾಕ್ತೀನಿ, ಮುಗೀತು" ಎಂದ.

"ಬೇಡ. ಮುಂದಿನ ತಿಂಗಳು ಹೋಗ್ತೀನಿ."

"ಯಾಕೆ?"

"ಅವಳಿಗೆ ತುಂಬುತ್ತೆ."

"ಅವ್ವಾ, ಹುಡುಗಾಟನಾ ಇದು? ಅವಳಿನ್ನೂ ಮಗು. ಕಣ್ಣಿನ ವಿಷಯ!"

"ಕಣ್ಣು ಯಾರದು?"

"ನಿಂದೇ."

"ಮತ್ತೆ?"

ಅಡುಗೆಮನೆಯಿಂದ ವಾಣಿ, "ಅಲ್ಲೀವರೆಗೂ ಒಗ್ಗರಣೆ ನಾನೇ ಹಾಕ್ತೀನಿ ಅತ್ತೆ" ಎಂದಳು. ಡಾಕ್ಟರನ್ನು ಕೇಳಿದರೆ ಒಂದು ತಿಂಗಳಿಗೆ ಏನೂ ಆಗುವುದಿಲ್ಲ ಎಂದರು. ನಾನು ಗೆದ್ದೆ.

ಹುಟ್ಟುಹಬ್ಬದ ದಿನ ಅವಳ ಸ್ನೇಹಿತೆಯರು ಕೇಕು ತಂದು ಅರ್ಧ ತಿಂದು ಅರ್ಧ ಮುಖಕ್ಕೆ ಬಳಿದು ಹೋದರು. ಅವರು ಹೋದ ಮೇಲೆ ಅವಳ ಮುಖ ತೊಳೆಸಿ, ಮಣೆಯ ಮೇಲೆ ಕೂರಿಸಿ, ನಾನು ಆರತಿಗೆ ಅಣಿಮಾಡಿದೆ. ಎಳ್ಳು ಹುರಿದ ಪರಿಮಳಕ್ಕೆ ಪಕ್ಕದ ಮನೆಯ ಸೆಲ್ವಿ ಕೈ ಒರೆಸಿಕೊಳ್ಳುತ್ತಲೇ ಬಂದಳು.

"ಏನು ವಿಶೇಷ ಅಜ್ಜಿ?"

"ಮೊಮ್ಮಗಳು ದೊಡ್ಡೋಳಾದ್ಲು ಸೆಲ್ವಿ."

"ಅಯ್ಯಯ್ಯೋ, ಅದಾಗಿ ಎಷ್ಟೋ ವರ್ಷ ಆಯ್ತಲ್ಲ! ನಾನೇ ಬಂದು ಚಿಗಳಿ ತಿಂದಿದ್ದೀನಿ."

"ಅದು ಮೈಯಿಂದ. ಇದು ಕಾನೂನಿಂದ."

ಸೆಲ್ವಿ ಎಳ್ಳಿನ ಬಾಣಲೆಗೆ ಇಣುಕಿದಳು. "ಹಂಗಾದ್ರೆ ಈ ಸಲ ಉಂಡೆ ದೊಡ್ಡದು ಕಟ್ಟಿ" ಎಂದಳು. ಮಣೆಯ ಮೇಲೆ ಕೂತ ನಮ್ಮ ಹುಡುಗಿ ನಾಚಿಕೆಯಿಂದ, "ಅಜ್ಜಿ, ಬೀದಿಗೆಲ್ಲ ಸಾರಬೇಡ ಮಾರಾಯ್ತಿ" ಎಂದು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡಳು. ಆಮೇಲೆ ಉಂಡೆ ತಿನ್ನುತ್ತಾ ಕಾನೂನು ತನಗೆ ಏನೇನು ಕೊಟ್ಟಿದೆ ಎಂದು ವಿವರಿಸಿದಳು. ಓಟು ಹಾಕಬಹುದು, ಗೇರಿನ ಬೈಕಿಗೂ ಲೈಸೆನ್ಸ್ ಮಾಡಿಸಬಹುದು, ಯಾರ ಸಹಿಯೂ ಇಲ್ಲದೆ ಬ್ಯಾಂಕಿನ ಖಾತೆ ನಡೆಸಬಹುದು. ಮದುವೆಯೂ ಆಗಬಹುದಂತೆ, ಆದರೆ ಹುಡುಗನಿಗೆ ಮಾತ್ರ ಇಪ್ಪತ್ತೊಂದು ತುಂಬಿರಬೇಕಂತೆ. ಗಂಡಸಿಗೆ ಬುದ್ಧಿ ಬರಲು ಮೂರು ವರ್ಷ ಹೆಚ್ಚು ಹಿಡಿಯುತ್ತದೆ ಎನ್ನುವುದು ಸರ್ಕಾರಕ್ಕೂ ತಿಳಿದಿದೆಯಲ್ಲ ಎಂದು ನನಗೆ ಬಹಳ ಸಮಾಧಾನವಾಯಿತು.

ಆಪರೇಷನ್ ದಿನ ಕುಮಾರ, "ಅಂಗಡಿ ಬಿಟ್ಟು ಬರೋಕಾಗಲ್ಲ, ಹೋಗ್ಬನ್ನಿ" ಎಂದು ಬಲು ಸಲೀಸಾಗಿ ಹೇಳಿದ. ಅಷ್ಟು ಸಲೀಸಾಗಿ ಹೇಳಿದಾಗಲೇ ನನಗೆ ಗುಮಾನಿ ಬಂದಿತ್ತು. ಆಸ್ಪತ್ರೆಯ ಬೆಂಚಿನ ಮೇಲೆ ಕೂತು ಕಿಟಕಿಯಾಚೆ ನೋಡಿದರೆ, ರಸ್ತೆಯ ಆ ಬದಿಯ ಟೀ ಅಂಗಡಿಯಲ್ಲಿ ಕೆಂಪು ಹೆಲ್ಮೆಟ್ಟನ್ನು ಕಂಕುಳಲ್ಲಿಟ್ಟುಕೊಂಡು, ನಮಗೆ ಬೆನ್ನು ಹಾಕಿ ನಿಂತಿದ್ದಾನೆ. ಪೊರೆ ಬಂದ ಕಣ್ಣಿಗೂ ಹೆತ್ತ ಮಗನ ಬೆನ್ನು ಕಾಣುತ್ತದೆ.

ಸಿಸ್ಟರ್ ಕಾರ್ಡು ನೋಡಿದರು, "ಈಗ ತುಂಬಿದೆ" ಎಂದು ನಕ್ಕು, ಕಾಗದವನ್ನೂ ಪೆನ್ನನ್ನೂ ಸಿಂಚನಳ ಮುಂದಿಟ್ಟರು. ಅವಳು ಸಾಲಿನ ಮೇಲೆ ಬೆರಳಿಟ್ಟು ಓದುತ್ತಾ ಹೋದಳು. ಓದುತ್ತಾ ಓದುತ್ತಾ ಮುಖ ಬಿಳಿಚಿಕೊಂಡಿತು.

"ಅಜ್ಜಿ, ಇದ್ರಲ್ಲಿ ಏನೇನೋ ಇದೆ. ಅಕಸ್ಮಾತ್ ಏನಾದ್ರೂ ಆದ್ರೆ ಅಂತ."

"ಹಾಗೆ ಬರೆಯೋದು ಅವರ ಪದ್ಧತಿ ಕಣೇ."

"ಅಪ್ಪಂಗೆ ಫೋನ್ ಮಾಡ್ಲಾ?"

ಫೋನ್ ಮಾಡಿದ್ದರೆ ಅರೆಗಳಿಗೆಯಲ್ಲಿ ಅವನು ಒಳಗಿರುತ್ತಿದ್ದ. ಸಹಿ ಬೀಳುತ್ತಿತ್ತು, ಕಣ್ಣೂ ಸರಿಹೋಗುತ್ತಿತ್ತು, ಆದರೆ ಇವಳು ಮತ್ತೆ ಕಿಟಕಿಯ ಕಡೆ ಮುಖ ಮಾಡಿ ಕೂರುತ್ತಿದ್ದಳು. ಬೇಡ ಎನ್ನಲು ನಾಲಿಗೆ ತುದಿಗೆ ಬಂದಿತ್ತು. ನುಂಗಿಕೊಂಡೆ. "ಮಾಡ್ಬೇಕು ಅನ್ಸಿದ್ರೆ ಮಾಡು. ಅದೂ ಈಗ ನಿಂಗೇ ಬಿಟ್ಟಿದ್ದು" ಎಂದೆ.

ಅವಳು ಫೋನನ್ನು ಒಂದು ಕ್ಷಣ ಹಿಡಿದುಕೊಂಡಿದ್ದು, ಮತ್ತೆ ಬ್ಯಾಗಿಗೆ ಹಾಕಿದಳು. ಎದ್ದು ಹೋಗಿ ಸಿಸ್ಟರನ್ನು ಕೇಳಿದಳು: "ಅಜ್ಜಿ ಬಿಪಿ ಮಾತ್ರೆ ಬೆಳಿಗ್ಗೆ ತಗೊಂಡಿದ್ದಾರೆ, ಪರವಾಗಿಲ್ವಾ? ಹಿಂದೊಂದ್ಸಲ ಇಂಜೆಕ್ಷನ್ ಕೊಟ್ಟಾಗ ಅವರಿಗೆ ಮೈಯೆಲ್ಲ ದದ್ದು ಬಂದಿತ್ತು, ಅದನ್ನ ಬರ್ಕೊಂಡಿದ್ದೀರಾ?" ಬರೆದುಕೊಂಡಿರಲಿಲ್ಲ, ಹೇಳಬೇಕಾದ ನಾನೇ ಮರೆತಿದ್ದೆ. ಸಿಸ್ಟರ್ ಒಳಗೆ ಹೋಗಿ ಡಾಕ್ಟರನ್ನೇ ಕರೆತಂದರು. ಅವರು ಇವಳನ್ನು ಎದುರಿಗೆ ಕೂರಿಸಿಕೊಂಡು, ಆ ಇಂಜೆಕ್ಷನ್ ಯಾವುದೆಂದು ಕೇಳಿ, ಬರೆದುಕೊಂಡು, ಅವಳ ಪ್ರಶ್ನೆಗಳಿಗೆಲ್ಲ ಉತ್ತರ ಕೊಟ್ಟರು. ನಾನು ಬೆಂಚಿನ ಮೇಲೆ ಕೂತು ಕಾಲಾಡಿಸುತ್ತಾ ನೋಡುತ್ತಿದ್ದೆ. ದೊಡ್ಡವರಿಬ್ಬರು ಮಾತಾಡುವಾಗ ಮಕ್ಕಳು ಕೂರುವುದೇ ಹಾಗಲ್ಲವೇ?

ಕೊನೆಗೆ ಅವಳು ಪೆನ್ನು ಎತ್ತಿದಳು. ಸಹಿಯ ಸಾಲನ್ನು ಮತ್ತೊಮ್ಮೆ ಓದಿದಳು.

"ಹಾಕೇ ಮಾರಾಯ್ತಿ, ಏನಾದ್ರೂ ಆದ್ರೆ ಸೀರಿಯಲ್ ನೋಡೋದು ತಪ್ಪುತ್ತೆ, ಅಷ್ಟೇ."

"ಸುಮ್ನಿರು ಅಜ್ಜಿ!" ಎಂದು ಗದರಿದಳು. ಆ ಗದರಿಕೆ ನನ್ನ ಅತ್ತೆಯವರ ಗದರಿಕೆಯ ಹಾಗೇ ಇತ್ತು. ನೋಟುಬುಕ್ಕಿನ ಹಿಂದಿನ ಹಾಳೆಗಳಲ್ಲೆಲ್ಲ ಬಾಲ ಬಿಟ್ಟ ಗಾಳಿಪಟದಂಥ ಸಹಿ ಅಭ್ಯಾಸ ಮಾಡಿದ್ದ ಹುಡುಗಿ, ಅಲ್ಲಿ ಮಾತ್ರ ಕಾಪಿ ಬರೆಯುವವಳ ಹಾಗೆ ಪೂರ್ತಿ ಹೆಸರನ್ನು ದುಂಡಗೆ ಬರೆದಳು.

ಹಕ್ಕು ಸಿಕ್ಕಿತೆಂದು ಕುಣಿಯುವುದು ಒಂದು ಸುಖ, ಅದು ಕೇಕಿನ ಜೊತೆಗೇ ಮುಗಿಯುತ್ತದೆ. ಇನ್ನೊಬ್ಬರಿಗಾಗಿ ಹೆದರುವ ಹಕ್ಕು ಬೇರೆ. ಅದನ್ನು ಕಾನೂನು ಹದಿನೆಂಟು ತುಂಬಿದವರಿಗೆಲ್ಲ ಕೊಡುತ್ತದೆ, ಆದರೆ ತೆಗೆದುಕೊಳ್ಳುವವರು ಕೈಚಾಚಿ ತೆಗೆದುಕೊಳ್ಳಬೇಕು. ಚಿಗಳಿ ತಿನ್ನಿಸಿ ನನ್ನನ್ನು ದೊಡ್ಡವಳು ಮಾಡಿದವರು ಯಾವ ಕಾಗದಕ್ಕೂ ನನ್ನ ಒಪ್ಪಿಗೆ ಕೇಳಿರಲಿಲ್ಲ. ನನ್ನ ಮೊಮ್ಮಗಳನ್ನು ಕೇಳಿದರು, ಅವಳು ಯೋಚಿಸಿ ಹೇಳಿದಳು. ಆಪರೇಷನ್ ಕೋಣೆಗೆ ನಾನು ಮದುವೆಮನೆಗೆ ಹೋಗುವ ಹಾಗೆ ಹೋದೆ.

ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡು ಹೊರಗೆ ಬಂದರೆ ಕುಮಾರ ಬಾಗಿಲಲ್ಲೇ ನಿಂತಿದ್ದ. "ಈ ಕಡೆ ಸ್ವಲ್ಪ ಸಾಮಾನು ತರೋದಿತ್ತು, ಬಂದೆ" ಎಂದ. "ಎಷ್ಟು ಟೀ ಕುಡಿದೆಯೋ?" ಎಂದೆ. ಅವನು ಮಗಳ ತಲೆ ಸವರಿದ.

ಈಗ ನನ್ನ ಕಣ್ಣಿಗೆ ಸಾಸಿವೆ ಸಾಸಿವೆಯಾಗಿ, ರಾಗಿ ರಾಗಿಯಾಗಿ ಕಾಣುತ್ತಿದೆ. ಮೊನ್ನೆ ಬೆಳಿಗ್ಗೆ ಬಾಗಿಲು ಸದ್ದಾಯಿತು. ಹೋಗಿ ತೆಗೆದರೆ ಪುಟ್ಟಸ್ವಾಮಿ, ಹೆಗಲ ಮೇಲೆ ಸಿಲಿಂಡರ್. "ದೊಡ್ಡವರು ಯಾರಾದ್ರೂ ಇದ್ದಾರಾ ಅಜ್ಜಿ?"

"ಇದ್ದಾರೆ, ಇರಪ್ಪ" ಎಂದು ಒಳಗೆ ಕೂಗಿದೆ. ಗ್ಯಾಸಿನ ಓಟಿಪಿ ಈಗ ಸಿಂಚನಳ ಫೋನಿಗೇ ಬರುತ್ತದೆ. ಆಸ್ಪತ್ರೆಯಿಂದ ಬಂದ ಮೇಲೆ ಕುಮಾರ ಯಾರಿಗೂ ಹೇಳದೆ ನಂಬರು ಬದಲಾಯಿಸಿದ್ದ. ಅವಳು ಕೆದರಿದ ತಲೆಯಲ್ಲಿ, ಮೊಲದ ಚಿತ್ರವಿರುವ ಟೀ ಶರ್ಟಿನಲ್ಲಿ, ಒಂದು ಕೈಯಲ್ಲಿ ಫೋನು, ಇನ್ನೊಂದು ಕೈಯಲ್ಲಿ ಬಾಯೊಳಗಿನ ಬ್ರಶ್ಶು ಹಿಡಿದುಕೊಂಡು ಬಂದು ನಿಂತಳು. ಪುಟ್ಟಸ್ವಾಮಿ ಅವಳನ್ನು ಒಮ್ಮೆ ನೋಡಿ, ಅವಳ ತಲೆಯ ಮೇಲಿಂದ ಕತ್ತು ಚಾಚಿ ಒಳಗೆ ಇಣುಕಿದ.

"ದೊಡ್ಡವರು?"

"ಇವರೇ" ಎಂದೆ.

ಹುಟ್ಟಿದಂದಿನಿಂದ ಈ ಮನೆಯಲ್ಲಿ ಏಕವಚನದಲ್ಲೇ ಬೆಳೆದ ಹುಡುಗಿ, ಬಾಯಿ ತುಂಬ ನೊರೆ ಇಟ್ಟುಕೊಂಡು ನನ್ನನ್ನೇ ನೋಡಿದಳು.