ವಾರಂಟಿಗೆ ಏನೂ ಆಗೂದಿಲ್ರಿ

ಸರ್ವಿಸ್ ಸೆಂಟರಿನ ಕೌಂಟರ್ ಮುಂದೆ ನನ್ನ ತಂಗಿ ನನ್ನನ್ನು ಒಂದೇ ಒಂದು ಮಾತು ಕೇಳಿದಳು. ನಾನು ‘ಹೌದು’ ಎನ್ನಬೇಕಿತ್ತು. ‘ಇಲ್ಲ’ ಎಂದೆ. ಆ ಒಂದು ಮಾತನ್ನು ಹಿಂದಕ್ಕೆ ತೆಗೆದುಕೊಳ್ಳಲು ನನಗೆ ಹತ್ತೊಂಬತ್ತು ದಿನ ಬೇಕಾದವು. ಆ ಹತ್ತೊಂಬತ್ತು ದಿನವೂ ಅವಳು ಮಳೆಯಲ್ಲಿ ಬಸ್ಸಿಗಾಗಿ ಕಾದು ನಿಂತಳು. ಅವಳ ಗಂಡ ತಾವು ಮಾಡದ ತಪ್ಪಿಗೆ ತಲೆ ತಗ್ಗಿಸಿಕೊಂಡು ಮನೆಯಲ್ಲಿ ಓಡಾಡಿದರು.

ನಾನು ಬೆಳಗಾವಿಯಲ್ಲಿ ಕಾರಿನ ಸೀಟಿಗೆ ಕವರ್ ಹೊಲಿಯುವವನು. ಏಳನೇ ಇಯತ್ತೆಗೆ ಶಾಲೆ ಬಿಟ್ಟೆ. ಕನ್ನಡ ಓದುತ್ತೇನೆ, ಮರಾಠಿ ಮಾತಾಡುತ್ತೇನೆ. ಇಂಗ್ಲಿಷ್ ಅಕ್ಷರಗಳನ್ನು ಒಂದೊಂದಾಗಿ ಗುರುತಿಸಬಲ್ಲೆ. ಕೂಡಿಸಿದರೆ ಅರ್ಥ ಕೈಗೆ ಸಿಗುವುದಿಲ್ಲ. ರವಿವಾರ ಪೇಟೆಯಿಂದ ರೆಗ್ಜಿನ್ನು, ಸ್ಪಂಜು, ನೈಲಾನ್ ದಾರದ ಉಂಡೆ ತಂದು ಮಷೀನಿನ ಮುಂದೆ ಕುಳಿತರೆ ಮಾತ್ರ ನಾನು ಯಾರಿಗೂ ಕಡಿಮೆಯಿಲ್ಲ ಅನಿಸುತ್ತದೆ. ಗಿರಾಕಿಗಳು ಕೇಳುತ್ತಾರೆಂದು ಹಾರ್ನು, ಲೈಟು, ಸ್ಪೀಕರು ಹಾಕಿಕೊಡುವುದನ್ನೂ ಕಲಿತೆ. ವೈರ್ ಜೋಡಿಸಿ ಕಪ್ಪು ಟೇಪು ಸುತ್ತಿದ ಮೇಲೆ, ಅದರ ತುದಿ ಬಿಚ್ಚಿಕೊಳ್ಳಬಾರದೆಂದು ಸೀಟಿನ ದಾರದಿಂದ ಮೂರು ಸುತ್ತು ಸುತ್ತಿ ಗಂಟು ಹಾಕುತ್ತೇನೆ. ಎಲೆಕ್ಟ್ರಿಷಿಯನ್ನರು ಯಾರೂ ಹಾಗೆ ಮಾಡುವುದಿಲ್ಲ. ಆದರೆ ಹೊಲಿಯುವ ಕೈಗೆ ಗಂಟು ಹಾಕದೆ ಕೆಲಸ ಮುಗಿಯಿತು ಅನಿಸುವುದಿಲ್ಲ.

ಲೈಟು ಹಾಕಿಸಿಕೊಳ್ಳಲು ಬಂದವರೆಲ್ಲ ಕೊನೆಗೆ ಒಂದು ಮಾತು ಕೇಳುತ್ತಾರೆ. ‘ಇದರಿಂದ ವಾರಂಟಿ ಹೋಗೂದಿಲ್ಲಲ್ಲ?’ ನಾನು ಸೂಜಿ ಬಾಯಲ್ಲಿ ಕಚ್ಚಿಕೊಂಡೇ ಹೇಳುತ್ತಿದ್ದೆ: ‘ವಾರಂಟಿಗೆ ಏನೂ ಆಗೂದಿಲ್ರಿ.’ ಸದಾಶಿವನಗರದ ಡಾಕ್ಟರಿಗೂ ಹೇಳಿದ್ದೇನೆ, ಸಾಂಬ್ರಾದ ರೈತರಿಗೂ ಹೇಳಿದ್ದೇನೆ. ಗಂಟು ಹಾಕುವುದನ್ನು ಕೈ ತಾನೇ ಕಲಿತಿತ್ತು. ಈ ಮಾತನ್ನು ನನಗೆ ಕೆಲಸ ಕಲಿಸಿದ ಉಸ್ತಾದರು ಕಲಿಸಿದ್ದರು. ವಾರಂಟಿ ಎಂಬ ಕಾಗದವನ್ನು ಅವರೂ ಓದಿರಲಿಲ್ಲ, ನಾನೂ ಓದಿರಲಿಲ್ಲ.

ತಂಗಿ ನನಗಿಂತ ಏಳು ವರ್ಷ ಚಿಕ್ಕವಳು, ಓದಿದವಳು. ಖಾನಾಪುರದಲ್ಲಿ ಮನೆ. ಅಲ್ಲಿಂದ ಜಾಂಬೋಟಿ ರಸ್ತೆಯಲ್ಲಿ ಒಳಗೆ ಹೋದರೆ ಸಿಗುವ ಒಂದು ಊರಿನ ಆರೋಗ್ಯ ಉಪಕೇಂದ್ರದಲ್ಲಿ ನರ್ಸ್. ಅವಳ ಗಂಡ ಪ್ರಾಥಮಿಕ ಶಾಲೆಯ ಮಾಸ್ತರರು. ನಾನೂ ಅವರನ್ನು ಮಾಸ್ತರ ಎಂದೇ ಕರೆಯುತ್ತೇನೆ. ನಾಲ್ಕು ವರ್ಷದ ಹಿಂದೆ ಇಬ್ಬರೂ ಸೇರಿ ಒಂದು ಸಣ್ಣ ಕಾರು ಕೊಂಡರು. ಶೋರೂಮಿಗೆ ನನ್ನನ್ನೂ ಕರೆದುಕೊಂಡು ಹೋಗಿದ್ದರು. ಕಂಪನಿಯೇ ಕೊಡುವ ವಾರಂಟಿ ಮೂರು ವರ್ಷದ್ದು. ಮೇಲೆ ದುಡ್ಡು ಕೊಟ್ಟರೆ ಇನ್ನೆರಡು ವರ್ಷ ಎಂದು ಅಲ್ಲಿನ ಹುಡುಗಿ ಒಂದು ಪುಸ್ತಕ ಮುಂದಿಟ್ಟಳು.

‘ಅಣ್ಣಾ, ಇದನ್ನ ತಗೋಬೇಕೇನ? ಇದರಾಗ ಏನೇನ ಬರ್ತೈತಿ?’ ಎಂದಳು ತಂಗಿ.

‘ಎಲ್ಲಾ ಬರ್ತೈತಿ. ಬಂಪರ್ ಟು ಬಂಪರ್. ಕಣ್ಣ ಮುಚ್ಚಿ ತಗೋ.’

ಮಾಸ್ತರರು ಪುಸ್ತಕ ಕೈಗೆತ್ತಿಕೊಂಡು, ‘ಒಮ್ಮೆ ಓದಿ ನೋಡೂಣಲ್ಲ?’ ಎಂದರು.

‘ನೀವು ಸಾಲ್ಯಾಗ ಓದಸ್ರಿ. ಗಾಡಿ ವಿಷಯ ನಮ್ಮಣ್ಣಗ ಬಿಡ್ರಿ. ಅವಂಗ ಗಾಡಿ ಒಳಗಿನ ಕರಳ ಸೈತ ಗೊತ್ತೈತಿ.’

ಎಲ್ಲರೂ ನಕ್ಕೆವು. ನಾನು ಸ್ವಲ್ಪ ಎದೆ ಉಬ್ಬಿಸಿಕೊಂಡೇ ನಕ್ಕೆ. ಆ ವಾರ ಅವರ ಕಾರಿಗೆ ಕವರ್ ಹೊಲಿದು, ಡ್ರೈವರ್ ಸೀಟಿನ ಬೆನ್ನಿಗೆ ಆ ಪುಸ್ತಕದ ಅಳತೆಗೆ ಸರಿಯಾಗಿ ಜಿಪ್ ಇರುವ ಒಂದು ಜೇಬು ಹೊಲಿದುಕೊಟ್ಟೆ. ಪುಸ್ತಕ ಅದರೊಳಗೆ ಹೋಯಿತು. ಆಮೇಲೆ ನಾಲ್ಕು ವರ್ಷ ಆ ಜಿಪ್ಪನ್ನು ಯಾರೂ ತೆಗೆಯಲಿಲ್ಲ.

ಹೋದ ವರ್ಷದ ನಾಗರ ಪಂಚಮಿಗೆ ತಂಗಿ ನಮ್ಮ ಮನೆಗೆ ಬಂದಿದ್ದಳು. ಮಳೆಗಾಲದ ಮುಂಜಾನೆ ಆ ಕಡೆಯ ರಸ್ತೆಯಲ್ಲಿ ಮಂಜು ಬಹಳ. ಉಂಡಿ ತಿನ್ನುತ್ತ, ‘ಎಮ್ಮಿ ಎದುರಿಗೆ ಬಂದ್ರೂ ಮೂಗಿಗೆ ಮೂಗು ಹತ್ತೂತನಾ ಕಾಣಸೂದಿಲ್ಲೋ ಅಣ್ಣಾ’ ಎಂದು ನಗಿಸಿದಳು. ನನಗೆ ನಗುವಿನ ಜೊತೆಗೆ ಹೆದರಿಕೆಯೂ ಆಯಿತು. ಪಂಚಮಿಗೆ ತಂಗಿಗೆ ಸೀರೆ ಕೊಡುವುದು ವಾಡಿಕೆ. ಈ ಸಲ ಸೀರೆ ಬೇಡ, ಮಂಜಿನಲ್ಲಿ ದಾರಿ ಕಾಣುವ ಹಳದಿ ಲೈಟು ಹಾಕಿಕೊಡುತ್ತೇನೆ ಎಂದೆ.

ಆ ಲೈಟಿಗೆ ಒಂದು ಸಿದ್ಧ ಕಪ್ಲರ್ ಬರುತ್ತದೆ. ಕಂಪನಿಯ ವೈರಿಗೆ ಹಾಗೇ ಸಿಕ್ಕಿಸಿದರೆ ಸಾಕು, ಏನನ್ನೂ ಕತ್ತರಿಸಬೇಕಿಲ್ಲ. ಅಂದು ಅಂಗಡಿಯಲ್ಲಿ ಅದು ಮುಗಿದಿತ್ತು. ನಾಲ್ಕು ದಿನಕ್ಕೆ ಬರುತ್ತಿತ್ತು. ತಂಗಿ ಮರುದಿನವೇ ಹೊರಡುವವಳು. ಕಾಯೋಣ ಎನ್ನಲು ನನಗೆ ಮನಸ್ಸಾಗಲಿಲ್ಲ. ವೈರ್ ಕತ್ತರಿಸಿ ಜೋಡಿಸಿದೆ, ಟೇಪು ಸುತ್ತಿದೆ, ದಾರ ಕಟ್ಟಿ ತುದಿಯನ್ನು ಹಲ್ಲಿನಿಂದ ಹರಿದೆ. ಅವಳು ಒಳಗಿನಿಂದ ಬಂದು, ‘ವಾರಂಟಿಗೆ ಏನೂ ಆಗೂದಿಲ್ಲಲ್ಲ?’ ಎಂದು ಕೇಳಿದಳು.

‘ಏನೂ ಆಗೂದಿಲ್ಲ’ ಎಂದೆ. ಗಿರಾಕಿಗೆ ಹೇಳುವ ದನಿಯಲ್ಲೇ ಹೇಳಿದೆ.

ಈ ವರ್ಷದ ಮಳೆಯಲ್ಲಿ, ಮಕ್ಕಳಿಗೆ ಲಸಿಕೆ ಹಾಕುವ ದಿನ, ಅರ್ಧ ದಾರಿಯಲ್ಲಿ ಕಾರು ನಿಂತಿತು. ಸುಟ್ಟ ವಾಸನೆ, ಮುಂದಿನಿಂದ ಹೊಗೆ. ತಂಗಿ ಮೊದಲು ಲಸಿಕೆಯ ಡಬ್ಬಿ ಇಳಿಸಿಕೊಂಡು ರಸ್ತೆ ಬದಿಯಲ್ಲಿ ಛತ್ರಿ ಹಿಡಿದು ನಿಂತಳಂತೆ. ಛತ್ರಿ ತನ್ನ ತಲೆಯ ಮೇಲಲ್ಲ, ಡಬ್ಬಿಯ ಮೇಲೆ. ಕಾರನ್ನು ಎಳೆಸಿಕೊಂಡು ಬೆಳಗಾವಿಯ ಸರ್ವಿಸ್ ಸೆಂಟರಿಗೆ ತಂದರು. ಎರಡು ದಿನ ಬಿಟ್ಟು ನಾವು ಮೂವರೂ ಅಲ್ಲಿಗೆ ಹೋದೆವು.

ಕೌಂಟರಿನ ಆಚೆ ಇದ್ದವರು ಬಹಳ ಮರ್ಯಾದೆಯಿಂದ ಮಾತಾಡಿದರು. ‘ಮುಂದಿನ ವೈರಿಂಗ್ ಪೂರಾ ಸುಟ್ಟೈತ್ರಿ ಮೇಡಂ. ಅದರ ಜೊತಿ ಕಂಪ್ಯೂಟರ್ ಡಬ್ಬಿನೂ ಹೋಗೇತಿ.’

‘ವಾರಂಟಿ ಐತಲ್ರಿ? ಇನ್ನೂ ಒಂದ ವರ್ಷ ಉಳದೈತಿ.’

‘ಐತ್ರಿ. ಖರೇ, ಇದು ಅದರಾಗ ಬರೂದಿಲ್ಲ.’ ಅವರು ಮೊಬೈಲಿನಲ್ಲಿ ಒಂದು ಫೋಟೋ ತೋರಿಸಿದರು. ‘ಇಲ್ಲಿ ನೋಡ್ರಿ. ಯಾರೋ ವೈರ್ ಕಟ್ ಮಾಡಿ ಜೋಡಿಸ್ಯಾರ. ಅದರಾಗ ನೀರ ಹೊಕ್ಕು ಶಾರ್ಟ್ ಆಗೇತಿ. ಸಾಮಾನ ತಂತಾನ ಕೆಟ್ರ ವಾರಂಟಿ. ಹೊರಗಿನವ್ರು ಕೈ ಹಾಕಿ ಕೆಟ್ರ ಇಲ್ಲ.’

‘ಇಲಿ ಕಡದಿರಬೇಕಲ್ರಿ? ನಮ್ಮ ಕಡೆ ಇಲಿ ಭಾಳ.’

‘ಇಲಿ ಕಡದ್ರೂ ವಾರಂಟಿ ಇಲ್ರಿ. ಮತ್ತ ಇಲಿ ಟೇಪ್ ಸುತ್ತೂದಿಲ್ಲಲ್ರಿ ಮೇಡಂ.’

ಪಕ್ಕದಲ್ಲಿ ನಿಂತಿದ್ದವರು ನಕ್ಕರು. ನಾನು ಫೋಟೋ ನೋಡುತ್ತಿದ್ದೆ. ಟೇಪು ಸುಟ್ಟು ಹಪ್ಪಳವಾಗಿತ್ತು. ಅದರ ಮೇಲೆ ನೈಲಾನ್ ದಾರ ಕರಗಿ ಕಪ್ಪಗೆ ಅಂಟಿಕೊಂಡಿತ್ತು. ಮೂರು ಸುತ್ತು, ಒಂದು ಗಂಟು. ನನ್ನ ಸಹಿ ಹಾಕಿದ ಹಾಗಿತ್ತು.

ತಂಗಿ ನನ್ನ ಕಡೆ ತಿರುಗಿದಳು. ‘ಅಣ್ಣಾ, ನೀ ಲೈಟ್ ಹಾಕುವಾಗ ವೈರ್ ಕಟ್ ಮಾಡಿದ್ದೇನ?’

ಅವಳ ದನಿಯಲ್ಲಿ ಸಂಶಯವಿರಲಿಲ್ಲ. ಇಲ್ಲ ಎನ್ನಿಸಿಕೊಳ್ಳಲೆಂದೇ ಕೇಳಿದಂತಿತ್ತು. ಅಷ್ಟು ಜನರ ಮುಂದೆ ನನ್ನ ಕೆಲಸ ನನಗೇ ಗೊತ್ತಿಲ್ಲ ಎಂದು ಒಪ್ಪಿಕೊಳ್ಳಲು ನನ್ನ ನಾಲಿಗೆ ಏಳಲಿಲ್ಲ.

‘ಇಲ್ಲವಾ. ನಾ ಕಪ್ಲರ್ ಹಾಕೀನಿ.’

ಕೌಂಟರಿನವರು, ‘ಕಪ್ಲರ್ ಗಿಪ್ಲರ್ ಎಲ್ಲಾ ಕರಗಿ ಹೋಗೇತ್ರಿ, ಈಗೇನೂ ತಿಳ್ಯಾಂಗಿಲ್ಲ’ ಎಂದರು. ತಂಗಿ ಗಂಡನ ಕಡೆ ತಿರುಗಿದಳು. ಬೇಸಿಗೆಯಲ್ಲಿ ಮಾಸ್ತರರು ಖಾನಾಪುರದ ಬಸ್ ಸ್ಟ್ಯಾಂಡಿನ ಬಳಿ ಒಬ್ಬ ಎಲೆಕ್ಟ್ರಿಷಿಯನ್ ಕೈಯಲ್ಲಿ ಹಾರ್ನ್ ರಿಪೇರಿ ಮಾಡಿಸಿದ್ದರು.

‘ಅಂವಾ ವೈರ್ ಕಟ್ ಮಾಡಿದ್ನೇನ್ರಿ?’

ಮಾಸ್ತರರು ಕನ್ನಡಕ ತೆಗೆದು ಒರೆಸಿಕೊಂಡರು. ‘ನಾ ನೋಡ್ಲಿಲ್ಲ. ಬಾಜೂಕ ಚಾ ಕುಡ್ಯಾಕ ಹೋಗಿದ್ದೆ. ಮಾಡಿರಬಹುದು.’

‘ಚಾ ಕುಡ್ಯಾಕ!’ ಎಂದಳು ತಂಗಿ.

ರಿಪೇರಿಗೆ ಹೇಳಿದ್ದು ಅವಳ ಮೂರು ತಿಂಗಳ ಪಗಾರದಷ್ಟು. ಕಾರು ಅಲ್ಲೇ ಅಂಗಳದಲ್ಲಿ ಉಳಿಯಿತು. ತಂಗಿ ಮುಂಜಾನೆ ಆರರ ಬಸ್ಸು ಹಿಡಿದು, ಇಳಿದ ಮೇಲೆ ಕೆಸರಿನಲ್ಲಿ ಲಸಿಕೆಯ ಡಬ್ಬಿ ಹೊತ್ತು ನಡೆಯತೊಡಗಿದಳು. ದಿನಾ ಊಟದ ಹೊತ್ತಿಗೆ ನನಗೆ ಫೋನು ಮಾಡುತ್ತಿದ್ದಳು. ‘ಇವತ್ತ ಒಂದ ಚಪ್ಪಲಿ ಕೆಸರಿನ್ಯಾಗ ಉಳೀತು ಅಣ್ಣಾ. ಮನಿಗಿ ಹೋಗಿ ಅವ್ರಿಗೆ ಹೇಳಿದ್ನಿ, ನೀವು ಆರಾಮ ಚಾ ಕುಡೀರಿ ಅಂತ.’ ಆ ಮನೆಯಲ್ಲಿ ಚಹಾ ಎಂಬುದು ಬೈಗುಳವಾಗಿತ್ತು. ಮಾಸ್ತರರು ಚಹಾ ಕುಡಿಯುವುದನ್ನೇ ಬಿಟ್ಟಿದ್ದರಂತೆ. ‘ನಿನ್ನ ಹಂಗ ಕೆಲಸ ತಿಳದವ್ರು ಒಬ್ರರ ಇದ್ದಾರಲ್ಲ ನನಗ’ ಎಂದು ಅವಳು ಫೋನಿಡುವಳು. ನಾನು ‘ಹೂಂ’ ಎನ್ನುವೆ. ಪ್ರತಿ ಸಲ ಹೇಳಿಬಿಡೋಣವೆಂದು ಬಾಯಿ ತೆರೆಯುತ್ತಿದ್ದೆ, ‘ಊಟಾ ಮಾಡಿದ್ಯಾ?’ ಎಂಬುದು ಹೊರಗೆ ಬರುತ್ತಿತ್ತು.

ಅಂಗಡಿಯಲ್ಲಿ ಒಬ್ಬ ಗಿರಾಕಿ ಎಂದಿನಂತೆ ವಾರಂಟಿಯ ಮಾತು ಕೇಳಿದ. ನಾನು, ‘ನಿಮ್ಮ ಪುಸ್ತಕಾ ಓದಿ ಬರ್ರಿ’ ಎಂದೆ. ಅವನು ನನ್ನನ್ನು ಮೇಲಿನಿಂದ ಕೆಳಗೆ ನೋಡಿ ಬೇರೆ ಅಂಗಡಿಗೆ ಹೋದ.

ಹತ್ತೊಂಬತ್ತನೇ ದಿನ ಭಾನುವಾರ. ಖಾನಾಪುರಕ್ಕೆ ಹೋದೆ. ಒಪ್ಪಿಕೊಳ್ಳಲು ಹೋದೆ ಎಂದರೆ ಅದೂ ಸುಳ್ಳಾಗುತ್ತದೆ. ಆ ಪುಸ್ತಕದಲ್ಲಿ ಎಲ್ಲಾದರೂ ಒಂದು ಸಾಲು ನಮ್ಮ ಪರವಾಗಿ ಇರಬಹುದು, ಕಂಪನಿಯವರೇ ಕಾರು ಸರಿ ಮಾಡಿಕೊಟ್ಟರೆ ನಾನು ಬಾಯಿ ತೆರೆಯುವ ಪ್ರಸಂಗವೇ ಬರುವುದಿಲ್ಲ ಎಂಬ ಆಸೆಯಿಂದ ಹೋದೆ. ಕಾರಿನಿಂದ ಪುಸ್ತಕ ಮನೆಗೆ ತಂದಿಟ್ಟಿದ್ದರು. ‘ಮಾಸ್ತರ, ಇದನ್ನ ನನಗ ಓದಿ ಹೇಳ್ರಿ’ ಎಂದೆ.

ಅವರು ಬಾಗಿಲ ಬಳಿ ಬೆಳಕಿಗೆ ಕುಳಿತು, ಪೆನ್ಸಿಲ್ ಹಿಡಿದು, ಮಕ್ಕಳಿಗೆ ಓದಿಸುವ ಹಾಗೆ ಒಂದೊಂದೇ ಸಾಲಿನ ಕೆಳಗೆ ಎಳೆಯುತ್ತ ಹೇಳಿದರು. ಎಂಜಿನ್ನಿನ ಒಳಗಿನ ಭಾಗಗಳು, ಗೇರ್ ಬಾಕ್ಸು, ಸ್ಟೇರಿಂಗು, ಎಲೆಕ್ಟ್ರಿಕಲ್ ಸಾಮಾನು ಬರುತ್ತವೆ. ಅದೂ ಅವು ತಯಾರಾಗುವಾಗಿನ ದೋಷದಿಂದ ಕೆಟ್ಟರೆ ಮಾತ್ರ. ಸವೆಯುವಂಥದ್ದು ಬರುವುದಿಲ್ಲ: ಕ್ಲಚ್ ಪ್ಲೇಟು, ಬ್ರೇಕ್ ಪ್ಯಾಡು, ಟೈರು, ವೈಪರಿನ ರಬ್ಬರು. ಬ್ಯಾಟರಿ ಇಲ್ಲ. ಬಣ್ಣ ಇಲ್ಲ. ಹೊತ್ತಿಗೆ ಸರಿಯಾಗಿ ಅವರಲ್ಲೇ ಸರ್ವಿಸ್ ಮಾಡಿಸದಿದ್ದರೆ ಬರುವುದೂ ಬರುವುದಿಲ್ಲ. ಇಲಿ ಕಡಿದರೆ ಇಲ್ಲ, ನೀರು ತುಂಬಿದರೆ ಇಲ್ಲ.

‘ಬಂಪರ್ ಟು ಬಂಪರ್ ಅಂತ ಎಲ್ಲಿ ಬರದಾರ?’ ಎಂದು ಕೇಳಿದೆ.

‘ಅದು ಇನ್ಸೂರೆನ್ಸಿನ ಮಾತ ಅಣ್ಣಾರ. ಗಾಡಿ ಎಲ್ಲರೆ ಬಡದ್ರ ಅದು. ಅದು ಬ್ಯಾರೆ, ಇದು ಬ್ಯಾರೆ.’ ಹಾಳೆ ತಿರುವಿ ನಕ್ಕರು. ‘ಬರೂದು ಒಂದೂವರೆ ಪುಟ, ಬರಲಾರದ್ದು ಆರ ಪುಟ ಐತ್ರಿ.’

ಮುಂದೊಂದು ಸಾಲಿಗೆ ಅವರ ಪೆನ್ಸಿಲ್ ನಿಂತಿತು. ಮೆಲ್ಲನೆ ಓದಿದರು. ಹೊರಗಿನ ಸಾಮಾನು ಹಾಕಲು ಕಂಪನಿಯ ವೈರನ್ನು ಕತ್ತರಿಸಿದರೆ, ಜೋಡಿಸಿದರೆ, ಅದರಿಂದ ಆದ ಯಾವ ಹಾನಿಗೂ ವಾರಂಟಿ ಇಲ್ಲ. ‘ಇದ ನೋಡ್ರಿ’ ಎಂದರು. ‘ನಾ ಅವತ್ತ ಚಾ ಬಿಟ್ಟು ಅಲ್ಲೇ ನಿಂತಿದ್ರ ಆಗತಿತ್ತು.’

ಅಷ್ಟರಲ್ಲಿ ತಂಗಿ ಅಡಿಗೆ ಮನೆಯಿಂದ ಮೊಬೈಲ್ ಹಿಡಿದು ಬಂದಳು. ಸರ್ವಿಸ್ ಸೆಂಟರಿನವರು ಆ ಫೋಟೋ ಕಳಿಸಿದ್ದರು. ಬೆರಳಿನಿಂದ ದೊಡ್ಡದು ಮಾಡಿ ಗಂಡನ ಮುಂದೆ ಹಿಡಿದಳು.

‘ಇಲ್ಲಿ ನೋಡ್ರಿ, ದಾರಾ ಕಟ್ಟ್ಯಾನ! ವೈರಿಗೆ ಯಾರರೆ ದಾರಾ ಕಟ್ತಾರೇನ? ಇಂಥಾ ಹಳೇ ಹುಚ್ಚನ ಕೈಯಾಗ ಗಾಡಿ ಕೊಟ್ಟ ಬಂದೀರಿ. ಏಳ್ರಿ, ಇವತ್ತ ಅವನ ಅಂಗಡಿ ತೆರದಿರತೈತಿ. ಫೋಟೋ ಮಾರಿಗೆ ಹಿಡದು ಕೇಳೂಣು. ನಾಕ ಮಂದಿಗೆ ತಿಳೀಲಿ. ಅಣ್ಣಾ, ನೀನೂ ಬಾ. ನೀ ಕೆಲಸ ತಿಳದಾಂವಾ, ನೀನ ಮಾತಾಡು.’

‘ಅವನ ಮಗಳು ನಮ್ಮ ಸಾಲ್ಯಾಗ ಅದಾಳ, ಬ್ಯಾಡ’ ಎಂದು ಮಾಸ್ತರರು ತಡೆದು ನೋಡಿದರು. ತಂಗಿ ಛತ್ರಿ ಬಿಚ್ಚಿ ಆಗಲೇ ಅಂಗಳಕ್ಕೆ ಇಳಿದಿದ್ದಳು. ಅವರು ಸುಮ್ಮನೆ ಎದ್ದು, ಗೋಡೆಗೆ ಕೈ ಊರಿ ಚಪ್ಪಲಿಗೆ ಕಾಲು ತೂರಿಸತೊಡಗಿದರು. ಹಾರ್ನಿನ ಕೆಲಸ ಮಾಡಿ ಕೈ ತೊಳೆದುಕೊಂಡ ಆ ಮನುಷ್ಯ ತನ್ನ ಅಂಗಡಿಯಲ್ಲಿ ಕುಳಿತಿರುತ್ತಾನೆ. ಅವನ ಮುಂದೆ ನನ್ನ ಗಂಟಿನ ಫೋಟೋ ಹಿಡಿದು, ನನ್ನ ಬಾಯಿಂದಲೇ ಬೈಸಲು ಇವರಿಬ್ಬರೂ ಹೊರಟಿದ್ದಾರೆ.

ನಾನು ಹೊಸ್ತಿಲಲ್ಲಿ ನಿಂತು ಮಾಸ್ತರರ ಕೈ ಹಿಡಿದೆ. ದನಿ ಎಷ್ಟು ಸಣ್ಣಗೆ ಬಂತೆಂದರೆ, ಮಳೆಯ ಸದ್ದಿಗೆ ತಂಗಿಗೆ ಕೇಳದೆ ಅವಳು ‘ಏನಂದಿ?’ ಎಂದು ಛತ್ರಿ ಓರೆ ಮಾಡಿದಳು. ಎರಡನೇ ಸಲ ಗಟ್ಟಿಯಾಗಿ ಹೇಳಬೇಕಾಯಿತು.

‘ಎಲ್ಲಿಗೂ ಹೋಗಬ್ಯಾಡ್ರಿ. ಆ ಗಂಟ ನಂದು. ಪಂಚಮಿ ದಿನಾ ವೈರ್ ಕತ್ತರಿಸಿದಾಂವಾ ನಾ, ಎಲ್ಲಾರ ಮುಂದ ಇಲ್ಲಂತ ಸುಳ್ಳ ಹೇಳಿದಾಂವಾನೂ ನಾ. ತಪ್ಪಾತವಾ ತಂಗಿ. ಮಾಸ್ತರ, ತಪ್ಪಾತ್ರಿ.’