ನನ್ನ ತುಟಿ, ಎಲ್ಲರ ಮಾತು

"ಕಾಲು ನಿಲ್ಲಿಸಿ ಮಾರಾಯ್ರೆ, ಇಡೀ ಸಾಲು ಅಲ್ಲಾಡ್ತಾ ಉಂಟು" ಎಂದು ಹೆಂಡತಿ ತಿವಿದಳು. ಎದುರಿನ ವೇದಿಕೆಯ ಮೇಲೆ ಚೀನಾದಿಂದ ಸಂವಾದಕ್ಕೆ ಬಂದ ಸಿನಿಮಾ ನಿರ್ದೇಶಕ ಕುಳಿತಿದ್ದ. ನನ್ನ ಕಾಲು ಹೇಗೆ ನಿಲ್ಲಬೇಕು? ಮುಂದಿನ ಶುಕ್ರವಾರವೇ ದೋಹಾದ ನಮ್ಮ ಕನ್ನಡ ಸಂಘದ ನಾಟಕ. ಬರೆದವನು ನಾನು, ನಿರ್ದೇಶಕ ನಾನು, ದೋಣಿ ಯಜಮಾನನ ಮುಖ್ಯ ಪಾತ್ರವೂ ನನ್ನದೇ. ಆ ಪಾತ್ರ ಬಿಟ್ಟುಬಿಡಿ ಎಂದು ಹಿಂದಿನ ದಿನ ಇವಳು ಹೇಳಿದ್ದಳು. ಆಗಿನಿಂದ ನನಗೆ ಊಟ ಸೇರುತ್ತಿರಲಿಲ್ಲ.

ಇಲ್ಲಿ ರಿಹರ್ಸಲ್ ಎಂದರೆ ಅರ್ಧ ಜನ ಬರುವುದೇ ಇಲ್ಲ. ಒಬ್ಬನಿಗೆ ರಾಸ್ ಲಫಾನಿನ ಗ್ಯಾಸ್ ಸ್ಥಾವರದಲ್ಲಿ ಶಿಫ್ಟು, ಇನ್ನೊಬ್ಬನಿಗೆ ಓವರ್‌ಟೈಮು. ಬಾರದವರ ಮಾತನ್ನೆಲ್ಲ ನಾನೇ ಹೇಳಿ ಹೇಳಿ ಇಡೀ ನಾಟಕ ಬಾಯಿಪಾಠವಾಗಿತ್ತು. ಈಗ ಬೇರೆಯವರು ಮಾತಾಡುವಾಗಲೂ ನನ್ನ ತುಟಿ ಅಲ್ಲಾಡುತ್ತದಂತೆ. ಇವಳು ಮೊಬೈಲಿನಲ್ಲಿ ವಿಡಿಯೋ ತೆಗೆದು ತೋರಿಸಿದಳು. ಮಗಳ ಪಾತ್ರದವಳು ಅಳುತ್ತಾ ಮಾತಾಡಿದರೆ ಅಪ್ಪನಾದ ನಾನೂ ಜೊತೆಗೆ ಪಿಟಿಪಿಟಿ. ಥೂ! ಆದರೂ, ಅಷ್ಟು ದೂರದಿಂದ ಯಾರಿಗೆ ಕಾಣುತ್ತದೆ ಎಂದು ಜಗಳವಾಡಿದೆ.

ಈ ಚೀನೀಯನೂ ಮೊದಲು ನಟನಾದವನು. ಆಮೇಲೆ ಕಥೆ ಬರೆದ, ಆಮೇಲೆ ನಿರ್ದೇಶನಕ್ಕಿಳಿದ, ಕೆಲವು ಚಿತ್ರಗಳಲ್ಲಿ ಮೂರನ್ನೂ ಒಬ್ಬನೇ ಮಾಡಿದ. ಮೂರೂ ಮಾಡಬಹುದು ಎಂದು ಅವನ ಬಾಯಿಂದ ಕೇಳಿಸಿ ಇವಳ ಬಾಯಿ ಮುಚ್ಚಿಸಬೇಕೆಂದೇ ದೂರದ ಮೆಸಯೀದಿನ ಆಫೀಸಿನಿಂದ ನೇರ ಓಡಿ ಬಂದಿದ್ದೆ. ಎದ್ದು ನಿಂತು ಕೇಳಿಯೂ ಬಿಟ್ಟೆ.

ಅವನು ನಕ್ಕ. ಅವನ ಪಕ್ಕದ ದುಭಾಷಿ ಹುಡುಗಿ ಉತ್ತರವನ್ನು ಇಂಗ್ಲಿಷಿನಲ್ಲಿ ಹೇಳಿದಳು. ಒಮ್ಮೆ ಅವನ ತಾಯಿಯ ಪಾತ್ರದಲ್ಲಿದ್ದ ಹಿರಿಯ ನಟಿ ಶೂಟಿಂಗ್ ನಡುವೆ ಮಾತು ನಿಲ್ಲಿಸಿ, "ನೀನು ನನ್ನ ಮಾತು ಕೇಳುತ್ತಿಲ್ಲ, ನಾನು ತಪ್ಪುತ್ತೇನೋ ಎಂದು ಕಾಯುತ್ತಿದ್ದೀ" ಅಂದಳಂತೆ. ಆ ಚಿತ್ರ ಮುಗಿದ ಮೇಲೆ ಅವನು ನಟನೆ ಬಿಟ್ಟ. ಬೇಸರವಾಗಲಿಲ್ಲವೇ ಎಂದು ಕೇಳಿದೆ. ಈಗಲೂ ಆಗುತ್ತದೆ ಎಂದ.

ಹೆಂಡತಿ ನನ್ನ ಕಡೆ ತಿರುಗಲೂ ಇಲ್ಲ. ಒಂದು ಮಾತು ಬೈದಿದ್ದರೆ ಜಗಳವಾದರೂ ಆಡಬಹುದಿತ್ತು!

ಹೊರಗೆ ಬಂದು ಸೂಕ್ ವಾಕಿಫಿನ ಹಳೆ ಪೇಟೆಯಲ್ಲಿ ಆಚೆ ಈಚೆ ಸುತ್ತಿ ಸುತ್ತಿ ಕೊನೆಗೆ ನಮ್ಮ ತಂಡದ ಆ ರಾಸ್ ಲಫಾನಿನ ಆಪರೇಟರಿಗೆ ಫೋನು ಮಾಡಿದೆ. ಅವನು ಮೊದಲೇ ಪಾತ್ರ ಕೇಳಿಕೊಂಡು ಬಂದಿದ್ದ. ಶಿಫ್ಟಿನವನ ಮೇಲೆ ನಂಬಿಕೆ ಸಾಲದೆ ನಾನೇ ಅವನನ್ನು ಪರದೆ ಎಳೆಯಲು ಹಾಕಿದ್ದೆ.

"ದೋಣಿ ಯಜಮಾನ ನೀನು ಮಾಡು."

"ನಾನಾ? ಮತ್ತೆ ಪರದೆ ಎಳಿಲಿಕ್ಕೆ ಯಾರು?"

"ನಾನು. ಖಲಾಸ್, ಇನ್ನು ಮಾತು ಬೇಡ."

ಮಾತು ಕಲಿಸಿ ಕಲಿಸಿ ವಾರವಿಡೀ ಅವನ ಜೀವ ತಿಂದೆ. ಶುಕ್ರವಾರ ಪರದೆಯ ಹಗ್ಗ ಹಿಡಿದು ವೇದಿಕೆಯ ಪಕ್ಕದಲ್ಲಿ ನಿಂತೆ. ಕೊನೆಯ ದೃಶ್ಯದಲ್ಲಿ, ದೋಣಿ ಮಾರಬೇಡಿ ಎಂದು ಮಗಳು ಅಪ್ಪನಿಗೆ ಹೇಳುತ್ತಿದ್ದಳು. ಅವನು ಸುಮ್ಮನೆ ಅವಳ ಮುಖ ನೋಡುತ್ತಾ ಕೇಳುತ್ತಿದ್ದ. ನಾನೇ ಬರೆದ ಮಾತು, ನಾನೇ ಮೊದಲ ಸಲ ಕೇಳಿದಂತಾಯಿತು. ಹೊಟ್ಟೆಕಿಚ್ಚೂ ಆಯಿತು, ಸುಳ್ಳು ಯಾಕೆ ಹೇಳಲಿ? ಮಾತು ಮುಗಿದು ಸಭೆ ಚಪ್ಪಾಳೆ ಶುರು ಮಾಡಿದರೂ ನಾನು ಹಾಗೇ ನಿಂತಿದ್ದೆ.

"ಪರದೆ ಮಾರಾಯ್ರೆ, ಪರದೆ!" ಎಂದು ಹೆಂಡತಿ ಮುಂದಿನ ಸಾಲಿನಿಂದ ಕೂಗಿದಳು.