ಮ್ಯಾಂಕ್ಸ್ ಭೂತಕ್ಕೆ ಕೊಟ್ಟ ಉಡುಗೊರೆ

ಇಂಗ್ಲೆಂಡಿಗೂ ಐರ್ಲೆಂಡಿಗೂ ನಡುವೆ ಐಲ್ ಆಫ್ ಮ್ಯಾನ್ ಎಂಬ ಪುಟ್ಟ ದ್ವೀಪವಿದೆ. ಅಲ್ಲಿಯ ಮ್ಯಾಂಕ್ಸ್ ಜನರ ಹಳೆಯ ಕಥೆಗಳನ್ನು ಮಕ್ಕಳ ಟಿವಿ ಸರಣಿಗೆ ಒಗ್ಗಿಸುವ ಕೆಲಸ ಪರದೇಶದಲ್ಲಿ, ಬೆಲ್‌ರೋಸ್ ಎಂಬ ಊರಿನ ಅಪಾರ್ಟ್‌ಮೆಂಟಿನಲ್ಲಿದ್ದ ನನ್ನ ಪಾಲಿಗೆ ಬಂತು. ದ್ವೀಪ ಎಲ್ಲಿದೆ ಎಂದು ಮ್ಯಾಪಿನಲ್ಲಿ ಹುಡುಕಿದ್ದು ಒಪ್ಪಿಕೊಂಡ ಮೇಲೆ.

ನನಗೆ ಸಿಕ್ಕಿದ್ದು ಮೈತುಂಬ ಕೂದಲಿನ ಒಂದು ಭೂತ. ಅದು ರಾತ್ರೋರಾತ್ರಿ ರೈತನ ಹುಲ್ಲು ಕೊಯ್ದು ಕೊಡುತ್ತದೆ. ಅವನು ಮೆಚ್ಚಿ ಅಂಗಿ, ಚಡ್ಡಿ, ಟೋಪಿ ಕೊಡುತ್ತಾನೆ. ಭೂತ ನೊಂದು ಊರನ್ನೇ ಬಿಟ್ಟು ಹೋಗುತ್ತದೆ. ಹೊಸ ಬಟ್ಟೆ ಕೊಟ್ಟರೆ ಯಾರಾದರೂ ನೊಂದುಕೊಳ್ಳುತ್ತಾರೆಯೇ? ನಾನು ಮೈಸೂರಿನವಳು, ನಮ್ಮಲ್ಲಿ ಒಂದು ರವಿಕೆ ಕಣವಾದರೂ ಕೊಡದೆ ಕಳಿಸಿದರೆ ತಾನೇ ಮುನಿಸು. ಹಾಗಾಗಿ ನನ್ನ ಭೂತ ಟೋಪಿ ಹಾಕಿಕೊಂಡು, ಕೊಳದಲ್ಲಿ ಮುಖ ನೋಡಿಕೊಂಡು, ನಗುನಗುತ್ತಾ ಹೊರಟಿತು. ಪ್ರೊಡ್ಯೂಸರ್ ಸ್ಕ್ರಿಪ್ಟನ್ನು ಎರಡು ಸಲ ವಾಪಸ್ ಕಳಿಸಿದಳು. ಇಷ್ಟು ಖುಷಿಯಾದದ್ದು ಊರು ಬಿಡುವುದೇಕೆ ಎಂಬುದು ಅವಳ ಪ್ರಶ್ನೆ.

ಆ ಎರಡು ವಾರ ನನ್ನ ಹೊಟ್ಟೆ ನೋಡಿಕೊಂಡವರು ಮೇಲಿನ ಮನೆಯ ಧಾರವಾಡದ ಆಂಟಿ. ಶನಿವಾರ, ಭಾನುವಾರ ಬಿಟ್ಟು ದಿನಾ ಬೆಳಿಗ್ಗೆ ತಾವಾಗಿಯೇ ಜೋಳದ ರೊಟ್ಟಿ ತಂದು, ಎದುರು ಕುಳಿತು, ಬರೆದದ್ದನ್ನು ಓದಿಸಿ ಕೇಳಿ, ಚೆನ್ನಾಗಿ ಬೈದು ಹೋಗುತ್ತಿದ್ದರು. ಪುಕ್ಕಟೆ ತಿಂದು ತಿಂದು ಸಂಕೋಚವಾಗಿ ಹಿಲ್‌ಸೈಡ್ ಅವೆನ್ಯೂವಿನ ಇಂಡಿಯನ್ ಅಂಗಡಿಯಿಂದ ಒಂದು ಸೀರೆ ತಂದೆ. ಶುಕ್ರವಾರ ಕುಂಕುಮವಿಟ್ಟು ಕೊಟ್ಟೆ. ಸೋಮವಾರ ಅವರು ಬರಲಿಲ್ಲ. ಮಂಗಳವಾರವೂ ಇಲ್ಲ. ಮಾಡಿದ್ದುಣ್ಣೋ ಮಹಾರಾಯ ಎಂಬಂತೆ ಬುಧವಾರ ಒಣ ಟೋಸ್ಟ್ ಕಡಿಯುತ್ತಿದ್ದಾಗ ನನಗೆ ಅಳುವೇ ಬಂತು. ಎಪಿಸೋಡು ಕೈತಪ್ಪಿದರೆ ಇನ್ನೊಂದು ಸಿಕ್ಕೀತು, ಈ ಊರಿನಲ್ಲಿ ನನ್ನನ್ನು ಹೀಗೆ ಬೈಯುವವರು ಇನ್ನೊಬ್ಬರು ಸಿಗುವುದಿಲ್ಲ.

ಮೇಲೆ ಹೋಗಿ ಬಾಗಿಲು ತಟ್ಟಿದೆ. ಆಂಟಿ ಒಳಗೆ ಕರೆಯಲಿಲ್ಲ.

“ನಾ ಏನ್ ನಿಮ್ಮನಿ ಅಡಗಿ ಮಾಡಾಕಿ ಏನವಾ? ಮನ್ಯಾಕಿ ಅಂತ ಬರತಿದ್ದೆ. ನೀ ಸೀರಿ ಕೊಟ್ಟು ಕೈ ತೊಳಕೊಂಡಿ,” ಎಂದರು.

ನನಗೆ ನಾಚಿಕೆಯಾಯಿತು. ಅದಕ್ಕಿಂತ ನಾಚಿಕೆಗೇಡೆಂದರೆ, ನನ್ನ ಹೆಬ್ಬೆರಳು ಅಷ್ಟರಲ್ಲೇ ಆ ಮಾತನ್ನು ಫೋನಿನಲ್ಲಿ ಬರೆದುಕೊಳ್ಳುತ್ತಿತ್ತು. ಆಂಟಿ ನೋಡಿಬಿಟ್ಟರು. ತಪ್ಪಾಯಿತು ಎಂದೆ; ಭೂತ ಯಾಕೆ ಊರು ಬಿಟ್ಟಿತೆಂದು ನನಗೆ ಈಗ ತಿಳಿಯಿತು ಎಂದೂ ಹೇಳಿದೆ.

“ಹೋದದ್ದು ಮತ್ತ ಬಂತೇನು?”

“ಇಲ್ಲ ಆಂಟಿ. ಕಥೇಲಿ ಅದು ವಾಪಸ್ ಬರೋದೇ ಇಲ್ಲ.”

“ಕರ್ಯಾಕ ಯಾರರೆ ಹೋಗಿದ್ರೇನು?”

ಯಾರೂ ಹೋಗಿರಲಿಲ್ಲ. ಆಂಟಿ ಒಳಗಿನಿಂದ ಜೋಳದ ಹಿಟ್ಟಿನ ಡಬ್ಬಿ ತಂದು ನನ್ನ ಕೈಗಿಟ್ಟು, ಚಪ್ಪಲಿ ಮೆಟ್ಟಿ ನನ್ನ ಮನೆಯ ಕಡೆ ಮೆಟ್ಟಿಲಿಳಿದರು.